ಕಲ್ಪಿತ ಲೋಕಕ್ಕೆ ಕ್ಯಾಲೆಂಡರ್ ಕಟ್ಟುವುದು ಹೇಗೆ?

"ಹುಣ್ಣಿಮೆಯ ರಾತ್ರಿ ದಂಡು ಕಣಿವೆ ಇಳಿಯಿತು. ಹತ್ತು ದಿನ ನಡೆದು ಕೋಟೆ ಮುಟ್ಟಿದಾಗ ತಲೆಯ ಮೇಲೆ ಮತ್ತೆ ತುಂಬು ಚಂದ್ರ." ಓದಲು ಸೊಗಸಾದ ಸಾಲು. ಆದರೆ ಆ ಲೋಕದ ಚಂದ್ರನೂ ನಮ್ಮ ಚಂದ್ರನಂತೆಯೇ ಇದ್ದರೆ, ಹುಣ್ಣಿಮೆ ಕಳೆದ ಹತ್ತನೇ ರಾತ್ರಿ ಕಾಣುವುದು ಸವೆದ ಕುಡುಗೋಲಿನಂಥ ಚಂದ್ರ. ಅದು ಮೂಡುವುದೂ ನಡುರಾತ್ರಿ ಕಳೆದು ಎಷ್ಟೋ ಹೊತ್ತಾದ ಮೇಲೆ. ಓದುಗರಲ್ಲಿ ಒಬ್ಬರಾದರೂ ಬೆರಳು ಮಡಚಿ ಎಣಿಸುತ್ತಾರೆ.

ಕಲ್ಪಿತ ಲೋಕದ ಕಥೆ, ಸರಣಿ, ಆಟಗಳಲ್ಲಿ ಈಗ ಕ್ಯಾಲೆಂಡರ್ ಕೂಡ ನಕ್ಷೆಯಷ್ಟೇ ಸಾಮಾನ್ಯ. ಹಾಗಿದ್ದರೂ ಬಹಳಷ್ಟು ಕಡೆ ಹನ್ನೆರಡು ತಿಂಗಳಿಗೆ ಹೊಸ ಹೆಸರಿಟ್ಟು, ತಿಂಗಳಿಗೆ ಮೂವತ್ತು ದಿನ ಎಂದು ಬರೆದು ಕೈತೊಳೆದುಕೊಳ್ಳುತ್ತಾರೆ. ಅದು ಸುಲಭ, ತಪ್ಪೂ ಅಲ್ಲ. ಆದರೆ ನಿಜವಾದ ಕ್ಯಾಲೆಂಡರ್‌ಗಳ ಜೀವ ಇರುವುದು ಹೆಸರುಗಳಲ್ಲಲ್ಲ, ಭಾಗಾಕಾರದಲ್ಲಿ ಉಳಿಯುವ ಶೇಷದಲ್ಲಿ. ಆ ಶೇಷವನ್ನು ಒಂದು ಸಮಾಜ ಎಲ್ಲಿ ಬಚ್ಚಿಡುತ್ತದೆ ಎನ್ನುವುದರ ಮೇಲೆ ಅದರ ಹಬ್ಬ, ತೆರಿಗೆ, ಜಗಳ ಎಲ್ಲವೂ ನಿಂತಿವೆ. ಇಲ್ಲಿ ಒಂದು ಕಲ್ಪಿತ ಕ್ಯಾಲೆಂಡರನ್ನು ಬುಡದಿಂದ ಕಟ್ಟಿ ತೋರಿಸಲಾಗಿದೆ. ಕೂಡು, ಕಳೆ, ಗುಣಿಸು, ಭಾಗಿಸು ಬಂದರೆ ಸಾಕು.

## ಒಂದಕ್ಕೊಂದು ಹೊಂದದ ಮೂರು ಅಳತೆಗಳು

ಗ್ರಹ ತನ್ನ ಸುತ್ತ ತಾನು ತಿರುಗುವುದರಿಂದ ದಿನ. ಚಂದ್ರ ಒಂದು ಅಮಾವಾಸ್ಯೆಯಿಂದ ಇನ್ನೊಂದು ಅಮಾವಾಸ್ಯೆಗೆ ಬರುವುದರಿಂದ ತಿಂಗಳು. ಗ್ರಹ ಸೂರ್ಯನ ಸುತ್ತ ಒಂದು ಸುತ್ತು ಮುಗಿಸಿ ಋತುಗಳು ಮರಳುವುದರಿಂದ ವರ್ಷ. ಈ ಮೂರೂ ಬೇರೆ ಬೇರೆ ಚಲನೆಗಳು. ಒಂದರ ವೇಗ ಇನ್ನೊಂದಕ್ಕೆ ಪೂರ್ಣಸಂಖ್ಯೆಯಲ್ಲಿ ಹೊಂದಬೇಕೆಂಬ ನಿಯಮ ಪ್ರಕೃತಿಯಲ್ಲಿಲ್ಲ.

ಭೂಮಿಯ ಅಂಕಿಗಳನ್ನೇ ನೋಡಿ. ಋತುಚಕ್ರದ ವರ್ಷ 365.2422 ದಿನ. ಚಾಂದ್ರಮಾಸ ಸರಾಸರಿ 29.5306 ದಿನ. ಹನ್ನೆರಡು ಚಾಂದ್ರಮಾಸ ಕೂಡಿದರೆ 354.37 ದಿನ, ಅಂದರೆ ವರ್ಷಕ್ಕೆ ಸುಮಾರು 11 ದಿನ ಕಡಿಮೆ. ಹದಿಮೂರು ಕೂಡಿದರೆ ಸುಮಾರು 19 ದಿನ ಹೆಚ್ಚು.

ಕೋಣೆಗೆ ಟೈಲ್ಸ್ ಹಾಕುವಾಗಲೂ ಇದೇ ಪಾಡು. ಕೋಣೆಯ ಉದ್ದ ಟೈಲಿನ ಅಳತೆಗೆ ಸರಿಯಾಗಿ ಭಾಗವಾಗುವುದಿಲ್ಲ, ಕೊನೆಯ ಗೋಡೆಯ ಹತ್ತಿರ ಸಂದು ಉಳಿಯುತ್ತದೆ. ಒಂದೋ ಸಂದನ್ನು ಹಾಗೇ ಬಿಡಬೇಕು, ಇಲ್ಲವೇ ತುಂಡು ಕತ್ತರಿಸಿ ತುಂಬಬೇಕು, ಇಲ್ಲವೇ ಗೋಡೆಯನ್ನೇ ಲೆಕ್ಕಿಸದೆ ಟೈಲನ್ನು ಮುಂದಿನ ಕೋಣೆಗೆ ಹರಿಸಬೇಕು. ಮನುಷ್ಯರು ಮಾಡಿದ ಕ್ಯಾಲೆಂಡರ್‌ಗಳಲ್ಲಿ ಈ ಮೂರೂ ಇವೆ.

ಸಂದನ್ನು ಹಾಗೇ ಬಿಟ್ಟವರು ಪ್ರಾಚೀನ ಈಜಿಪ್ಟಿನವರು. 30 ದಿನಗಳ 12 ತಿಂಗಳು, ತಿಂಗಳ ಲೆಕ್ಕದ ಹೊರಗೆ 5 ದಿನ, ಒಟ್ಟು 365. ಕಾಲು ದಿನವನ್ನು ಅವರು ಎಣಿಸಲಿಲ್ಲ. ಹಾಗಾಗಿ ನಾಲ್ಕು ವರ್ಷಕ್ಕೆ ಒಂದು ದಿನದಂತೆ ಕ್ಯಾಲೆಂಡರ್ ಋತುಗಳಿಂದ ಜಾರುತ್ತ, ಸುಮಾರು ಒಂದೂವರೆ ಸಾವಿರ ವರ್ಷಕ್ಕೆ ಒಂದು ಸುತ್ತು ಹಾಕುತ್ತಿತ್ತು. ಕ್ರಿ.ಪೂ. 238ರಲ್ಲಿ ಕನೋಪಸ್ ಶಾಸನದ ಮೂಲಕ ನಾಲ್ಕು ವರ್ಷಕ್ಕೊಂದು ದಿನ ಸೇರಿಸುವ ಆದೇಶ ಹೊರಟರೂ ಅದು ನೆಲೆಯೂರಲಿಲ್ಲ. ಲೆಕ್ಕ ಗೊತ್ತಿದ್ದೂ ಬದಲಾಯಿಸದ ಸಮಾಜ ಇರಬಲ್ಲದು ಎನ್ನುವುದಕ್ಕೆ ಇದು ಒಳ್ಳೆಯ ಪುರಾವೆ. ಕಥೆಗಾರರು ಇದನ್ನು ಗಮನಿಸಬೇಕು.

ತುಂಡು ಕತ್ತರಿಸಿ ತುಂಬುವುದು ಎರಡು ಬಗೆ. ಗ್ರೆಗೋರಿಯನ್ ಕ್ಯಾಲೆಂಡರ್ ಚಂದ್ರನನ್ನು ಬಿಟ್ಟುಕೊಟ್ಟು ಸೂರ್ಯನನ್ನು ಹಿಡಿಯಿತು, ಆಗಾಗ ಒಂದು ದಿನ ಸೇರಿಸುತ್ತದೆ. ಇದು ಸೌರ ಪದ್ಧತಿ. ಭಾರತದ ಚಾಂದ್ರಮಾನ, ಯಹೂದಿ, ಚೀನೀ ಕ್ಯಾಲೆಂಡರ್‌ಗಳು ಎರಡನ್ನೂ ಹಿಡಿದುಕೊಂಡು, ಆಗಾಗ ಇಡೀ ಒಂದು ತಿಂಗಳನ್ನೇ ಸೇರಿಸುತ್ತವೆ. ಆ ತಿಂಗಳೇ ಅಧಿಕಮಾಸ. ಇದು ಚಾಂದ್ರಸೌರ ಪದ್ಧತಿ. ಗೋಡೆಯನ್ನು ಲೆಕ್ಕಿಸದ್ದು ಇಸ್ಲಾಮೀ ಹಿಜರಿ ಕ್ಯಾಲೆಂಡರ್. ಚಂದ್ರನೊಂದೇ ಅದಕ್ಕೆ ಆಧಾರ, ವರ್ಷಕ್ಕೆ 354 ಅಥವಾ 355 ದಿನ. ಅದರ ತಿಂಗಳುಗಳು ಎಲ್ಲ ಋತುಗಳನ್ನೂ ಹಾದು ಸುಮಾರು 33 ವರ್ಷಕ್ಕೆ ಮೊದಲಿನ ಜಾಗಕ್ಕೆ ಬರುತ್ತವೆ.

## ಮೊದಲು ಆಕಾಶ, ಆಮೇಲೆ ಹೆಸರು

ಕಲ್ಪಿತ ಲೋಕಕ್ಕೆ ಮೊದಲು ನಿರ್ಧರಿಸಬೇಕಾದದ್ದು ತಿಂಗಳ ಹೆಸರಲ್ಲ, ಆಕಾಶದ ಅಂಕಿಗಳು. ನಮ್ಮ ಉದಾಹರಣೆಯ ಲೋಕವನ್ನು ಅರಿಲು ಎಂದು ಕರೆಯೋಣ. ಅದರ ದಿನ ನಮ್ಮ ದಿನದಷ್ಟೇ ಉದ್ದ. ವರ್ಷ 323.07 ದಿನ. ಎರಡು ಚಂದ್ರರು: ಹಿರಿಯ ಚಂದ್ರನ ಮಾಸ 28.4 ದಿನ, ಕಿರಿಯನದು 9.2 ದಿನ. ಇಲ್ಲಿ ಮಾಸವೆಂದರೆ ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಹಿಡಿಯುವ ಕಾಲ.

ದಶಮಾಂಶ ಬೇಕೇ ಎಂದು ಕೇಳಬಹುದು. ಬೇಕು. ವರ್ಷ ಸರಿಯಾಗಿ 360 ದಿನ, ತಿಂಗಳು ಸರಿಯಾಗಿ 30 ದಿನ ಎಂದಿಟ್ಟರೆ ಅಧಿಕಮಾಸವಿಲ್ಲ, ಅಧಿಕ ದಿನವಿಲ್ಲ, ಪಂಚಾಂಗ ಬರೆಯುವ ಪಂಡಿತನಿಗೆ ಕೆಲಸವೂ ಇಲ್ಲ. ದೇವರೇ ಅಚ್ಚುಕಟ್ಟಾಗಿ ಮಾಡಿಟ್ಟ ಲೋಕ ಎನ್ನುವುದು ನಿಮ್ಮ ಕಥೆಯ ಭಾಗವಾದರೆ ಪರವಾಗಿಲ್ಲ. ಇಲ್ಲದಿದ್ದರೆ ದಶಮಾಂಶ ಇಡಿ.

ಇನ್ನೊಂದು ಮಾತು ಋತುವಿನದು. ಋತುಗಳಾಗುವುದು ಗ್ರಹದ ಅಕ್ಷ ವಾಲಿರುವುದರಿಂದ, ಸೂರ್ಯನಿಂದ ಇರುವ ದೂರದಿಂದಲ್ಲ. ಅಕ್ಷ ನೆಟ್ಟಗಿದ್ದರೆ ಋತುಗಳು ಇಲ್ಲವೆನ್ನುವಷ್ಟು ಮಸುಕು. ಅಂಥ ಲೋಕದ ರೈತನಿಗೆ ವರ್ಷ ಎನ್ನುವ ಅಳತೆಯೇ ಹೊಳೆಯದಿರಬಹುದು. ಕಕ್ಷೆ ಉದ್ದುರುಟಾಗಿದ್ದರೆ ಋತುಗಳ ಉದ್ದ ಸಮನಾಗಿರುವುದಿಲ್ಲ. ಭೂಮಿಯ ಉತ್ತರಾರ್ಧದಲ್ಲಿ ಬೇಸಿಗೆ ಸುಮಾರು 93.6 ದಿನ, ಚಳಿಗಾಲ ಸುಮಾರು 89. ಅರಿಲಿನಲ್ಲಿ ಲೆಕ್ಕ ಸರಳವಾಗಿರಲೆಂದು ನಾಲ್ಕೂ ಋತು ಸಮ ಎಂದಿಟ್ಟುಕೊಳ್ಳೋಣ: ಒಂದೊಂದಕ್ಕೆ 80.77 ದಿನ.

## ಬಯಲಿನವರ ಸೌರ ಲೆಕ್ಕ

ಅರಿಲಿನ ಬಯಲುಸೀಮೆಯಲ್ಲಿ ಬೇಸಾಯ ನಡೆಯುತ್ತದೆ, ಕಂದಾಯ ವಸೂಲಿಯಾಗುತ್ತದೆ. ಅವರಿಗೆ ಬಿತ್ತನೆ, ಕೊಯ್ಲು ಪ್ರತಿವರ್ಷ ಅದೇ ತಾರೀಖಿನ ಆಸುಪಾಸು ಬರಬೇಕು. ಹಾಗಾಗಿ ಸೂರ್ಯನೊಬ್ಬನೇ ಆಧಾರ.

323 ಎಂದರೆ 17ರ 19 ಪಟ್ಟು. ಆದ್ದರಿಂದ 19 ದಿನಗಳ 17 ತಿಂಗಳು ಮಾಡಬಹುದು. ಚಂದ್ರನನ್ನು ಬಿಟ್ಟ ಮೇಲೆ ತಿಂಗಳು ಇಪ್ಪತ್ತೆಂಟು, ಮೂವತ್ತು ದಿನವೇ ಇರಬೇಕೆಂಬ ಕಟ್ಟಿಲ್ಲ. ನಮ್ಮ ಜಗತ್ತಿನ ಬಹಾಯಿ ಧರ್ಮದ ಕ್ಯಾಲೆಂಡರ್ ಕೂಡ 19 ದಿನಗಳ 19 ತಿಂಗಳು ಮತ್ತು ಹೊರಗಿನ 4 ಅಥವಾ 5 ದಿನಗಳ ಮೇಲೆ ನಡೆಯುತ್ತದೆ.

ಉಳಿದದ್ದು ವರ್ಷಕ್ಕೆ 0.07 ದಿನ. ನೂರು ವರ್ಷಕ್ಕೆ ಏಳು ದಿನ. ಇದನ್ನು ತುಂಬಲು ಸುಲಭ ಸೂತ್ರ ಹುಡುಕಬೇಕು. 1ನ್ನು 0.07ರಿಂದ ಭಾಗಿಸಿದರೆ 14.29. ಹಾಗಾದರೆ 14 ವರ್ಷಕ್ಕೊಂದು ದಿನ ಸೇರಿಸೋಣ. ಆಗ ವರ್ಷಕ್ಕೆ ಸರಾಸರಿ ಸೇರುವುದು 0.0714, ಅಂದರೆ ಚೂರು ಜಾಸ್ತಿ. 700 ವರ್ಷದಲ್ಲಿ ಈ ಜಾಸ್ತಿ ಸರಿಯಾಗಿ ಒಂದು ದಿನವಾಗುತ್ತದೆ: 14ರ ಲೆಕ್ಕದಲ್ಲಿ 50 ದಿನ ಸೇರುತ್ತವೆ, ಬೇಕಾದದ್ದು 49. ಆದ್ದರಿಂದ ನಿಯಮ ಹೀಗೆ: 14ರಿಂದ ಭಾಗವಾಗುವ ವರ್ಷಕ್ಕೆ ಒಂದು ದಿನ ಹೆಚ್ಚು, ಆದರೆ 700ರಿಂದ ಭಾಗವಾಗುವ ವರ್ಷಕ್ಕೆ ಇಲ್ಲ.

ಗ್ರೆಗೋರಿಯನ್ ನಿಯಮವೂ ಇದೇ ಜಾಯಮಾನದ್ದು. ನಾಲ್ಕು ವರ್ಷಕ್ಕೊಂದು ಅಧಿಕ ದಿನ, ಆದರೆ ಶತಮಾನದ ವರ್ಷಗಳಲ್ಲಿ 400ರಿಂದ ಭಾಗವಾಗುವುದಕ್ಕೆ ಮಾತ್ರ. 400 ವರ್ಷಕ್ಕೆ 97 ಅಧಿಕ ದಿನ, ಸರಾಸರಿ 365.2425.

ಆ ಹೆಚ್ಚುವರಿ ದಿನವನ್ನು ಎಲ್ಲಿಡಬೇಕು? ಯಾವುದಾದರೂ ತಿಂಗಳಿಗೆ ಸೇರಿಸಿದರೆ ಆ ತಿಂಗಳಿಗೆ ಇಪ್ಪತ್ತನೇ ದಿನ ಬರುತ್ತದೆ. ಬಯಲಿನವರು ಅದನ್ನು ಹದಿನೇಳನೇ ತಿಂಗಳು ಮುಗಿದ ಮೇಲೆ, ಯಾವ ತಿಂಗಳಿಗೂ ಸೇರದ ಹೊರದಿನವಾಗಿ ಇಟ್ಟಿದ್ದಾರೆ ಎನ್ನೋಣ. ಹೀಗಿಟ್ಟರೆ ಕಥೆಗೆ ಬೇಕಾದ ಪ್ರಶ್ನೆಗಳು ತಾವಾಗಿ ಹುಟ್ಟುತ್ತವೆ. ಆ ದಿನದ ಕೂಲಿ ಯಾರು ಕೊಡುತ್ತಾರೆ? ಆ ದಿನ ಮಾಡಿದ ಸಾಲಕ್ಕೆ ತಾರೀಖು ಏನು? ಅಂದು ಹುಟ್ಟಿದ ಮಗುವಿನ ಹುಟ್ಟುಹಬ್ಬ ಎಂದು?

ಒಂದು ತೊಡಕನ್ನು ಇಲ್ಲೇ ಹೇಳಬೇಕು. 17 ನಾಲ್ಕರಿಂದ ಭಾಗವಾಗುವುದಿಲ್ಲ. ಮೊದಲ ಋತು ಒಂದನೇ ತಿಂಗಳ 1ರಂದು ಶುರುವಾದರೆ, ಎರಡನೆಯದು ಐದನೇ ತಿಂಗಳ 5ರ ಸುಮಾರಿಗೆ, ಮೂರನೆಯದು ಒಂಬತ್ತನೇ ತಿಂಗಳ 10ಕ್ಕೆ, ನಾಲ್ಕನೆಯದು ಹದಿಮೂರನೇ ತಿಂಗಳ 15ಕ್ಕೆ. ಒಂದು, ಐದು, ಹತ್ತು, ಹದಿನೈದು: ರೈತರ ಮಕ್ಕಳು ಬಾಯಿಪಾಠ ಮಾಡುವ ಸಾಲಿಗೆ ಇದು ಹೇಳಿ ಮಾಡಿಸಿದಂತಿದೆ. ಇಂಥ ಸಣ್ಣ ವಕ್ರತೆ ಲೆಕ್ಕದಿಂದಲೇ ಬಂದಾಗ ಅದನ್ನು ತಿದ್ದಬೇಡಿ, ಬಳಸಿಕೊಳ್ಳಿ.

## ಕರಾವಳಿಯವರ ಚಾಂದ್ರಸೌರ ಲೆಕ್ಕ

ಕಡಲಂಚಿನವರಿಗೆ ಉಬ್ಬರ ಇಳಿತ ಮುಖ್ಯ. ದೊಡ್ಡ ಉಬ್ಬರ ಬರುವುದು ಅಮಾವಾಸ್ಯೆ, ಹುಣ್ಣಿಮೆಗಳ ಸುತ್ತಮುತ್ತ. ಹಾಗಾಗಿ ತಿಂಗಳು ಚಂದ್ರನದೇ ಆಗಬೇಕು. ಆದರೆ ಮೀನಿನ ಹಂಗಾಮು ಋತುವಿಗೆ ಕಟ್ಟುಬಿದ್ದಿದೆ, ಆದ್ದರಿಂದ ವರ್ಷ ಸೂರ್ಯನದಾಗಬೇಕು. ಕಷ್ಟದ ಲೆಕ್ಕವೆಂದರೆ ಇದೇ, ಸುಖ ಇರುವುದೂ ಇಲ್ಲೇ.

ಮೊದಲು ತಿಂಗಳು. 28.4 ದಿನದ ತಿಂಗಳು ಆಚರಣೆಯಲ್ಲಿ ಸಾಧ್ಯವಿಲ್ಲ, ದಿನವನ್ನು ಕತ್ತರಿಸಲಾಗದು. ಐದು ಮಾಸಕ್ಕೆ 142 ದಿನ. 28, 29, 28, 29, 28 ಎಂದು ಹಾಕಿದರೆ ಸರಿಯಾಗಿ 142. ಈ ಐದರ ಸರಣಿ ವರ್ಷದ ಗಡಿ ಲೆಕ್ಕಿಸದೆ ಓಡುತ್ತಿರಬೇಕು. "ಮೊದಲ ತಿಂಗಳಿಗೆ ಯಾವಾಗಲೂ 28 ದಿನ" ಎಂದು ಹೆಸರಿಗೆ ಕಟ್ಟಿಹಾಕಿದರೆ ಕೆಲವೇ ವರ್ಷಗಳಲ್ಲಿ ಅಮಾವಾಸ್ಯೆ ತಾರೀಖಿನಿಂದ ಜಾರುತ್ತದೆ.

ಈಗ ವರ್ಷ. 323.07ನ್ನು 28.4ರಿಂದ ಭಾಗಿಸಿದರೆ 11.3757. ಅಂದರೆ ವರ್ಷಕ್ಕೆ 11 ತಿಂಗಳು, ಮೇಲೆ 0.3757. ಈ ದಶಮಾಂಶವನ್ನು 1, 2, 3 ಎಂದು ಒಂದೊಂದಾಗಿ ಗುಣಿಸುತ್ತ ಹೋಗಿ, ಪೂರ್ಣಸಂಖ್ಯೆಗೆ ಎಲ್ಲಿ ಹತ್ತಿರ ಬರುತ್ತದೆ ನೋಡಬೇಕು. 3ರಿಂದ ಗುಣಿಸಿದರೆ 1.127, 5ರಿಂದ 1.879, 8ರಿಂದ 3.006. ಸಿಕ್ಕಿತು: 8 ವರ್ಷಕ್ಕೆ 3 ಅಧಿಕಮಾಸ. ತಾಳೆ ನೋಡಿ: 8 ವರ್ಷ ಎಂದರೆ 2,584.56 ದಿನ. 91 ತಿಂಗಳು ಎಂದರೆ 2,584.4 ದಿನ. ವ್ಯತ್ಯಾಸ ಎಂಟು ವರ್ಷಕ್ಕೆ 0.16 ದಿನ ಮಾತ್ರ, ಅಂದರೆ 50 ವರ್ಷಕ್ಕೆ ಒಂದು ದಿನ.

ಭೂಮಿಯ ಮೇಲೆ ಇದೇ ಕೆಲಸ ಮಾಡಿದರೆ 8 ವರ್ಷದ ಚಕ್ರ ಅಷ್ಟು ಚೆನ್ನಾಗಿ ಕೂರುವುದಿಲ್ಲ. ದಶಮಾಂಶ 0.3683. ಅದನ್ನು 8ರಿಂದ ಗುಣಿಸಿದರೆ 2.946, 19ರಿಂದ ಗುಣಿಸಿದರೆ 6.997. ಹಾಗಾಗಿಯೇ 19 ವರ್ಷಕ್ಕೆ 7 ಅಧಿಕಮಾಸದ ಚಕ್ರ ಪ್ರಸಿದ್ಧ. ಗ್ರೀಕರು ಅದನ್ನು ತಮ್ಮ ಖಗೋಳಜ್ಞ ಮೆಟಾನ್ ಹೆಸರಿನಲ್ಲಿ ಕರೆದರು, ಯಹೂದಿ ಕ್ಯಾಲೆಂಡರ್ ಇಂದಿಗೂ ಅದರ ಮೇಲೆ ನಡೆಯುತ್ತದೆ. 235 ಮಾಸಕ್ಕೂ 19 ವರ್ಷಕ್ಕೂ ಇರುವ ಅಂತರ ಸುಮಾರು ಎರಡು ಗಂಟೆ. ಇದಕ್ಕೆ ಹೋಲಿಸಿದರೆ ಭಾರತದ ಪ್ರಾಚೀನ ಗ್ರಂಥ ವೇದಾಂಗ ಜ್ಯೋತಿಷದ ಐದು ವರ್ಷದ ಯುಗ (62 ಮಾಸ, 1,830 ದಿನ) ಒರಟು: ಐದು ಸೌರವರ್ಷಕ್ಕಿಂತ ಅದು ಮೂರು ದಿನಕ್ಕೂ ಹೆಚ್ಚು ಉದ್ದ.

ಅರಿಲಿನ ಮೂರು ಅಧಿಕಮಾಸಗಳನ್ನು ಎಂಟರಲ್ಲಿ ಯಾವ ವರ್ಷಗಳಿಗೆ ಹಾಕಬೇಕು? ಇದಕ್ಕೆ ಕೊರತೆಯ ಖಾತೆ ಇಡಬೇಕು. 11 ತಿಂಗಳ ವರ್ಷ 312.4 ದಿನ, ಆದ್ದರಿಂದ ವರ್ಷಕ್ಕೆ 10.67 ದಿನ ಕೊರತೆ. ಕೊರತೆ 28.4 ಮುಟ್ಟಿದ ವರ್ಷದ ಕೊನೆಗೆ ಅಧಿಕಮಾಸ ಹಾಕಿ 28.4 ಕಳೆಯಬೇಕು. ಮೊದಲ ವರ್ಷ 10.67, ಎರಡನೇ ವರ್ಷ 21.34. ಮೂರನೇ ವರ್ಷ 32.01 ಆಯಿತು, ತಿಂಗಳು ಸೇರಿಸಿ, ಉಳಿಯಿತು 3.61. ನಾಲ್ಕಕ್ಕೆ 14.28, ಐದಕ್ಕೆ 24.95. ಆರಕ್ಕೆ 35.62, ಸೇರಿಸಿ, ಉಳಿಯಿತು 7.22. ಏಳಕ್ಕೆ 17.89. ಎಂಟಕ್ಕೆ 28.56, ಸೇರಿಸಿ, ಉಳಿಯಿತು 0.16. ಚಕ್ರ ಮುಗಿಯಿತು. 3, 6, 8ನೇ ವರ್ಷಗಳಿಗೆ ಹನ್ನೆರಡು ತಿಂಗಳು, ಉಳಿದವಕ್ಕೆ ಹನ್ನೊಂದು.

ಈ ಖಾತೆಯಿಂದಲೇ ಇನ್ನೊಂದು ವಿಷಯ ತಿಳಿಯುತ್ತದೆ. ಹೊಸ ವರ್ಷದ ದಿನ ಋತುವಿನಲ್ಲಿ ಒಂದೇ ಕಡೆ ನಿಲ್ಲುವುದಿಲ್ಲ, ಸುಮಾರು 25 ದಿನಗಳ ಅಂಗಳದಲ್ಲಿ ಹಿಂದೆ ಮುಂದೆ ಓಡಾಡುತ್ತದೆ. ಕರಾವಳಿಯ ಹೊಸ ವರ್ಷಕ್ಕೆ ಯಾವುದೋ ಹೂವು ಅರಳಿರಬೇಕೆಂದು ಕಥೆಯಲ್ಲಿ ಬರೆದರೆ, ಕೆಲವು ವರ್ಷ ಅದಿನ್ನೂ ಮೊಗ್ಗಾಗಿರುತ್ತದೆ. ಮಿಕ್ಕ 0.16 ಸೇರುತ್ತ ಸೇರುತ್ತ 1,420 ವರ್ಷಕ್ಕೆ ಇಡೀ ಒಂದು ತಿಂಗಳಾಗುತ್ತದೆ. ಆಗೊಮ್ಮೆ ಹೆಚ್ಚಿನ ಅಧಿಕಮಾಸ ಬೇಕು. ಅಷ್ಟು ಹಳೆಯ ರಾಜ್ಯವಾದರೆ ಅದಕ್ಕೊಂದು ಕಟ್ಟಳೆ ಇರಬೇಕು, ಇಲ್ಲವೇ ಯಾರೂ ತಿದ್ದದೆ ಹಬ್ಬಗಳು ಜಾರಿರಬೇಕು.

ಎಲ್ಲರೂ ಹೀಗೆ ಮೊದಲೇ ಚಕ್ರ ಹಾಕಿಕೊಳ್ಳುವುದಿಲ್ಲ. ಭಾರತೀಯ ಪದ್ಧತಿಯಲ್ಲಿ ಯಾವ ಚಾಂದ್ರಮಾಸದೊಳಗೆ ಸಂಕ್ರಾಂತಿ (ಸೂರ್ಯ ಒಂದು ರಾಶಿಯಿಂದ ಇನ್ನೊಂದಕ್ಕೆ ದಾಟುವುದು) ಬೀಳುವುದಿಲ್ಲವೋ ಅದೇ ಅಧಿಕಮಾಸ. ಅಲ್ಲಿ ಆಕಾಶವೇ ತೀರ್ಮಾನ ಮಾಡುತ್ತದೆ, ಅಧಿಕಮಾಸ ವರ್ಷದ ನಡುವೆಯೂ ಬರುತ್ತದೆ. ನಿಮ್ಮ ಲೋಕದಲ್ಲಿ ಖಗೋಳ ಗಣಿತ ಬಲವಾಗಿದ್ದರೆ ಈ ದಾರಿ ಹಿಡಿಯಬಹುದು. ಬರೀ ಕಣ್ಣಿನಿಂದ ಚಂದ್ರನನ್ನು ನೋಡಿ ತಿಂಗಳು ಸಾರುವ ಸಮಾಜವಾದರೆ, ಮೋಡ ಕವಿದ ಸಂಜೆ ಪಕ್ಕದೂರಿಗೂ ನಿಮ್ಮೂರಿಗೂ ಒಂದು ದಿನ ವ್ಯತ್ಯಾಸ ಬಂದೇ ಬರುತ್ತದೆ.

## ಎರಡನೇ ಚಂದ್ರ ಬಂದರೆ

ಎರಡು ಚಂದ್ರರ ಲೋಕಗಳಲ್ಲಿ "ಜೋಡಿ ಹುಣ್ಣಿಮೆ" ಎಂಬ ಮಹಾಮುಹೂರ್ತ ಇದ್ದೇ ಇರುತ್ತದೆ. ಅದು ಎಷ್ಟು ದಿನಕ್ಕೊಮ್ಮೆ ಬರುತ್ತದೆಂದು ಲೆಕ್ಕ ಹಾಕಿದವರು ಕಡಿಮೆ.

ಕಿರಿಯನ ಮೂರು ಸುತ್ತಿಗೆ 27.6 ದಿನ. ಹಿರಿಯನ ಒಂದು ಸುತ್ತಿಗೆ 28.4. ಆದ್ದರಿಂದ ಹಿರಿಯನ ಒಂದೊಂದು ಹುಣ್ಣಿಮೆಗೂ ಕಿರಿಯನ ಹುಣ್ಣಿಮೆ 0.8 ದಿನ ಮೊದಲೇ ಆಗಿಹೋಗಿರುತ್ತದೆ. ಈ ಜಾರು 9.2 ದಿನ ತುಂಬಲು 11.5 ತಿಂಗಳು. ಅರ್ಧ ತಿಂಗಳಿಗೆ ಹುಣ್ಣಿಮೆಯಿಲ್ಲವಲ್ಲ, ಹಾಗಾಗಿ ಒಮ್ಮೆ 11, ಒಮ್ಮೆ 12 ತಿಂಗಳಿಗೆ ಇಬ್ಬರೂ ಅರ್ಧ ದಿನದೊಳಗೆ ಜೊತೆಯಾಗುತ್ತಾರೆ, ಕಣ್ಣಿಗೆ ಅಷ್ಟೇ ಸಾಕು. ತಾಸು ತಪ್ಪದ ಜೋಡಿ ಬೇಕೆಂದರೆ 23 ತಿಂಗಳು: 28.4ರ 23 ಪಟ್ಟು 653.2, 9.2ರ 71 ಪಟ್ಟು ಕೂಡ 653.2. ಅದು ಎರಡು ವರ್ಷಕ್ಕಿಂತ ಏಳು ದಿನ ಹೆಚ್ಚು. "ಸಾವಿರ ವರ್ಷಕ್ಕೊಮ್ಮೆ ಬರುವ ಜೋಡಿ ಹುಣ್ಣಿಮೆ" ಬೇಕಾಗಿದ್ದರೆ ಈ ಅಂಕಿಗಳಿಂದ ಅದು ಹುಟ್ಟುವುದಿಲ್ಲ. ಅದಕ್ಕೆ ಗ್ರಹಣ, ಋತು ಮುಂತಾದ ಇನ್ನೊಂದು ಷರತ್ತು ಸೇರಿಸಬೇಕು.

ಚಂದ್ರನ ವಿಷಯದಲ್ಲಿ ಮತ್ತೆ ಮತ್ತೆ ಕಾಣುವ ತಪ್ಪುಗಳಿವೆ. ಹುಣ್ಣಿಮೆ ಚಂದ್ರ ಮೂಡುವುದು ಸೂರ್ಯ ಮುಳುಗುವ ಹೊತ್ತಿಗೆ, ಮುಳುಗುವುದು ಸೂರ್ಯ ಹುಟ್ಟುವ ಹೊತ್ತಿಗೆ. ಶುಕ್ಲಪಕ್ಷದ ಎಳೆ ಚಂದ್ರ ಸಂಜೆ ಪಡುವಣದಲ್ಲಿ ಮಾತ್ರ ಕಾಣುತ್ತದೆ. ನಡುರಾತ್ರಿ ನೆತ್ತಿಯ ಮೇಲೆ ಕುಡುಗೋಲಿನಂಥ ಚಂದ್ರ ಬರಲಾರದು. ಸೂರ್ಯಗ್ರಹಣ ಅಮಾವಾಸ್ಯೆಗೆ, ಚಂದ್ರಗ್ರಹಣ ಹುಣ್ಣಿಮೆಗೆ. ಗ್ರಹ ಯಾವುದೇ ಇರಲಿ, ನೆರಳಿನ ನಿಯಮ ಬದಲಾಗುವುದಿಲ್ಲ.

## ವಾರ

ವಾರಕ್ಕೆ ಆಕಾಶದ ಹಂಗಿಲ್ಲ. ಅದು ಸಂತೆಯ, ವಿಶ್ರಾಂತಿಯ, ಪೂಜೆಯ ಲೆಕ್ಕ. ರೋಮನ್ನರಿಗೆ ಎಂಟು ದಿನದ ಸಂತೆಯ ಸುತ್ತು ಇತ್ತು. ಜಾವಾದಲ್ಲಿ ಐದು ದಿನದ ಸಂತೆವಾರ ಮತ್ತು ಏಳು ದಿನದ ವಾರ ಜೊತೆಜೊತೆಗೆ ನಡೆದು 35 ದಿನಕ್ಕೊಮ್ಮೆ ಕೂಡುತ್ತವೆ. ಫ್ರೆಂಚ್ ಕ್ರಾಂತಿಕಾರಿಗಳು 1793ರಲ್ಲಿ ಹತ್ತು ದಿನದ ವಾರ ತಂದರು, ಅವರ ಕ್ಯಾಲೆಂಡರ್ 1805ರ ಕೊನೆಗೆ ಮುಗಿಯಿತು. ಸೋವಿಯತ್ ಸರ್ಕಾರ 1929ರಲ್ಲಿ ಐದು, 1931ರಲ್ಲಿ ಆರು ದಿನದ ಸುತ್ತು ಮಾಡಿ 1940ರಲ್ಲಿ ಏಳಕ್ಕೆ ಮರಳಿತು. ಅರಿಲಿಗೆ ಆರು ದಿನದ ವಾರ ಇಡೋಣ.

## ದಿನ ಎಲ್ಲಿ ಶುರು, ವರ್ಷ ಎಲ್ಲಿಂದ ಎಣಿಕೆ

ದಿನ ಶುರುವಾಗುವುದು ಎಲ್ಲ ಕಡೆ ನಡುರಾತ್ರಿಯಲ್ಲ. ಯಹೂದಿ, ಇಸ್ಲಾಮೀ ಲೆಕ್ಕದಲ್ಲಿ ಸೂರ್ಯಾಸ್ತಕ್ಕೆ, ಭಾರತೀಯ ಪಂಚಾಂಗದಲ್ಲಿ ಸೂರ್ಯೋದಯಕ್ಕೆ. ಖಗೋಳಜ್ಞರು 1925ಕ್ಕೆ ಮುಂಚೆ ನಡುಹಗಲಿನಿಂದ ಎಣಿಸುತ್ತಿದ್ದರು. ಅರಿಲಿನ ಕರಾವಳಿಯವರಿಗೆ ಸೂರ್ಯಾಸ್ತ, ಬಯಲಿನವರಿಗೆ ಸೂರ್ಯೋದಯ ಎಂದಿಟ್ಟರೆ, ರಾತ್ರಿ ನಡೆದ ಪ್ರತಿಯೊಂದು ಘಟನೆಗೂ ಎರಡು ತಾರೀಖು. ರಾತ್ರಿ ಸಹಿ ಬಿದ್ದ ಒಪ್ಪಂದದ ಗಡುವು ಯಾವ ದಿನಕ್ಕೆ ಮುಗಿಯಿತು ಎಂಬ ಒಂದೇ ತಕರಾರಿನ ಮೇಲೆ ಇಡೀ ಅಧ್ಯಾಯ ನಡೆಸಬಹುದು.

ತಿಂಗಳೂ ಹಾಗೆಯೇ. ಅಮಾವಾಸ್ಯೆಗೆ ಮುಗಿಸುವ ಅಮಾಂತ, ಹುಣ್ಣಿಮೆಗೆ ಮುಗಿಸುವ ಪೂರ್ಣಿಮಾಂತ, ಎರಡೂ ಭಾರತದಲ್ಲಿವೆ. ಶುಕ್ಲಪಕ್ಷದಲ್ಲಿ ಇಬ್ಬರ ತಿಂಗಳ ಹೆಸರೂ ಒಂದೇ, ಕೃಷ್ಣಪಕ್ಷದಲ್ಲಿ ಬೇರೆ. ಆಕಾಶ ಒಂದೇ, ದಿನ ಒಂದೇ, ಹೆಸರು ಎರಡು.

ವರ್ಷದ ಎಣಿಕೆಗೆ ಆರಂಭಬಿಂದು ಬೇಕು, ಅದೇ ಶಕೆ. ಶಾಲಿವಾಹನ ಶಕೆ ಕ್ರಿ.ಶ. 78ರಿಂದ, ಹಿಜರಿ 622ರಿಂದ. ಇದಲ್ಲದೆ ರಾಜನ ಆಳ್ವಿಕೆಯ ಇಷ್ಟನೇ ವರ್ಷ ಎನ್ನುವ ಪದ್ಧತಿ, ಪ್ರಭವದಿಂದ ಅಕ್ಷಯದವರೆಗಿನ 60 ಸಂವತ್ಸರಗಳಂತೆ ಹೆಸರಿನ ಸುತ್ತು, ಇವೂ ಇವೆ. ಇಲ್ಲಿ ಕಾಲು ಜಾರುವುದು ಒಂದು ಕಡೆ. "438ನೇ ವರ್ಷ ನಡೆಯುತ್ತಿದೆ" ಮತ್ತು "438 ವರ್ಷ ಕಳೆದಿವೆ" ಒಂದೇ ಅಲ್ಲ. ಹಳೆಯ ಶಾಸನಗಳಲ್ಲಿ ಗತ, ವರ್ತಮಾನ ಎಂದು ಈ ಭೇದ ಕಾಣುತ್ತದೆ. ನಿಮ್ಮ ಲೋಕದಲ್ಲಿ ಸೊನ್ನೆಯ ವರ್ಷ ಇದೆಯೇ ಇಲ್ಲವೇ ಮೊದಲೇ ಬರೆದಿಡಿ. ಕ್ರಿಸ್ತಶಕದಲ್ಲಿ ಅದಿಲ್ಲ, ಕ್ರಿ.ಪೂ. 1 ಆದ ಮೇಲೆ ನೇರ ಕ್ರಿ.ಶ. 1.

## ತೆರೆಮರೆಯ ದಿನಸಂಖ್ಯೆ

ಇಷ್ಟೆಲ್ಲ ಕ್ಯಾಲೆಂಡರ್‌ಗಳನ್ನು ಒಟ್ಟಿಗೆ ನಡೆಸಲು ಪಾತ್ರಗಳಿಗೆ ಗೊತ್ತಿಲ್ಲದ, ಬರೆಯುವವರಿಗೆ ಮಾತ್ರ ಗೊತ್ತಿರುವ ಒಂದು ಎಣಿಕೆ ಬೇಕು: ಒಂದು ಆರಂಭದ ದಿನದಿಂದ 1, 2, 3 ಎಂದು ನಿಲ್ಲದೆ ಹೋಗುವ ದಿನಸಂಖ್ಯೆ. ಖಗೋಳಜ್ಞರು ಕ್ರಿ.ಪೂ. 4713ರಿಂದ ಎಣಿಸುವ ಜೂಲಿಯನ್ ದಿನಸಂಖ್ಯೆಯ ಉದ್ದೇಶವೂ ಇದೇ.

ಬಯಲಿನ ತಾರೀಖಿನಿಂದ ದಿನಸಂಖ್ಯೆ ಪಡೆಯುವುದು ಹೀಗೆ. ವರ್ಷದಿಂದ 1 ಕಳೆಯಿರಿ, ಅದು ಕಳೆದ ವರ್ಷಗಳ ಸಂಖ್ಯೆ. ಅದನ್ನು 323ರಿಂದ ಗುಣಿಸಿ. ಅದನ್ನೇ 14ರಿಂದ ಭಾಗಿಸಿ ಬಂದ ಪೂರ್ಣಾಂಕ ಕೂಡಿಸಿ, 700ರಿಂದ ಭಾಗಿಸಿ ಬಂದ ಪೂರ್ಣಾಂಕ ಕಳೆಯಿರಿ. ತಿಂಗಳಿಂದ 1 ಕಳೆದು 19ರಿಂದ ಗುಣಿಸಿ ಕೂಡಿಸಿ. ಕೊನೆಗೆ ದಿನ ಕೂಡಿಸಿ. ಸ್ಪ್ರೆಡ್‌ಶೀಟ್‌ನಲ್ಲಿ ಇದು ಒಂದು ಸಾಲು.

438ನೇ ವರ್ಷದ ಆರನೇ ತಿಂಗಳ 11ನೇ ದಿನ ತೆಗೆದುಕೊಳ್ಳಿ. ಕಳೆದ ವರ್ಷ 437. 323ರಿಂದ ಗುಣಿಸಿದರೆ 1,41,151. 14ರಿಂದ ಭಾಗಿಸಿದರೆ ಪೂರ್ಣಾಂಕ 31, 700ರಿಂದ ಸೊನ್ನೆ. ತಿಂಗಳಿಗೆ 95, ದಿನಕ್ಕೆ 11. ಒಟ್ಟು 1,41,288.

ಈಗ ಆ ರಾತ್ರಿಯ ಆಕಾಶ ಕೇಳಿ. ಎಣಿಕೆಯ ಸೊನ್ನೆಯ ಕ್ಷಣದಲ್ಲಿ ಇಬ್ಬರು ಚಂದ್ರರಿಗೂ ಅಮಾವಾಸ್ಯೆ ಇತ್ತು ಎಂದಿಟ್ಟುಕೊಂಡರೆ, 28.4ರಿಂದ ಭಾಗಿಸಿದಾಗ ಉಳಿಯುವ ಶೇಷ 26.4. ಹಿರಿಯ ಚಂದ್ರನಿಗೆ ಅಮಾವಾಸ್ಯೆ ಇನ್ನೆರಡೇ ದಿನ, ನಸುಕಿನಲ್ಲಿ ಸಣ್ಣ ಗೆರೆ. 9.2ರಿಂದ ಭಾಗಿಸಿದರೆ ಶೇಷ 3.6. ಕಿರಿಯನ ಹುಣ್ಣಿಮೆ 4.6ಕ್ಕೆ, ಅಂದರೆ ನಾಳೆ. 6ರಿಂದ ಭಾಗಿಸಿದರೆ ಶೇಷ ಸೊನ್ನೆ, ವಾರದ ಕೊನೆಯ ದಿನ, ಅದೇ ಸಂತೆಯ ದಿನ ಎನ್ನೋಣ. ಹಿರಿಯನಿಲ್ಲದ, ಕಿರಿಯನೊಬ್ಬನೇ ಹೆಚ್ಚುಕಡಿಮೆ ತುಂಬಿ ನಿಂತ ಸಂತೆಯ ರಾತ್ರಿ: ದೃಶ್ಯ ಅರ್ಧ ಬರೆದಂತೆಯೇ ಆಯಿತು.

ಕೈಯಿಂದ ಲೆಕ್ಕ ಹಾಕುವಾಗ ಹೆಚ್ಚಿನ ತಪ್ಪು ಆಗುವುದು ಎರಡು ಕಡೆ: ವರ್ಷದಿಂದ 1 ಕಳೆಯಲು ಮರೆಯುವುದು, ಪೂರ್ಣಾಂಕದ ಬದಲು ದಶಮಾಂಶ ಸೇರಿಸಿಬಿಡುವುದು.

## ಮನುಷ್ಯರು ಕೆಡಿಸುವ ರೀತಿ

ಲೆಕ್ಕ ಸರಿಯಿದ್ದ ಮಾತ್ರಕ್ಕೆ ಆಚರಣೆ ಸರಿಯಿರುವುದಿಲ್ಲ, ಕಲ್ಪಿತ ಕ್ಯಾಲೆಂಡರಿಗೆ ಇತಿಹಾಸ ಬರುವುದು ಇಲ್ಲಿಂದಲೇ. ರೋಮಿನಲ್ಲಿ ಅಧಿಕಮಾಸ ಹಾಕುವ ಅಧಿಕಾರ ಪುರೋಹಿತ ಮಂಡಳಿಯ ಕೈಲಿತ್ತು. ತಮ್ಮವರ ಅಧಿಕಾರಾವಧಿ ಹಿಗ್ಗಿಸಲು, ಆಗದವರದನ್ನು ಕುಗ್ಗಿಸಲು ಅದು ಬಳಕೆಯಾಯಿತು. ಜೂಲಿಯಸ್ ಸೀಸರ್ ಅದನ್ನು ಸರಿಪಡಿಸುವಾಗ ಕ್ರಿ.ಪೂ. 46ನ್ನು 445 ದಿನಗಳಿಗೆ ಎಳೆಯಬೇಕಾಯಿತು. ಅವನ ನಂತರವೂ ಪುರೋಹಿತರು "ನಾಲ್ಕನೇ ವರ್ಷಕ್ಕೊಮ್ಮೆ" ಎನ್ನುವುದನ್ನು ಹಿಂದಿನ ಅಧಿಕ ವರ್ಷವನ್ನೂ ಸೇರಿಸಿ ಎಣಿಸಿ, ಮೂರು ವರ್ಷಕ್ಕೊಮ್ಮೆ ದಿನ ಸೇರಿಸುತ್ತಿದ್ದರು. ಅಗಸ್ಟಸ್ ಕೆಲವು ಅಧಿಕ ದಿನಗಳನ್ನು ತಡೆದು ಅದನ್ನು ಸರಿದೂಗಿಸಿದ.

ಸೀಸರ್ ತಂದ ಜೂಲಿಯನ್ ವರ್ಷ 365.25 ದಿನ, ನಿಜಕ್ಕಿಂತ ಚೂರು ಉದ್ದ, 128 ವರ್ಷಕ್ಕೆ ಒಂದು ದಿನದ ತಪ್ಪು. 1582ರಲ್ಲಿ ಗ್ರೆಗೋರಿಯನ್ ಕ್ಯಾಲೆಂಡರ್ ಜಾರಿಗೆ ತರುವಾಗ ಅಕ್ಟೋಬರ್ 4ರ ಮರುದಿನವನ್ನು 15 ಎಂದು ಕರೆದು ಹತ್ತು ತಾರೀಖು ಹಾರಿಸಲಾಯಿತು. ವಾರ ಮಾತ್ರ ಮುರಿಯಲಿಲ್ಲ: ಗುರುವಾರದ ನಂತರ ಶುಕ್ರವಾರವೇ ಬಂತು. ಬ್ರಿಟನ್ ಒಪ್ಪಿದ್ದು 1752ರಲ್ಲಿ, ರಷ್ಯಾ 1918ರಲ್ಲಿ. ಸ್ವೀಡನ್ನಿನದು ಇನ್ನೂ ವಿಚಿತ್ರ. ಒಮ್ಮೆಗೇ ಹಾರುವ ಬದಲು 1700ರಿಂದ ನಲವತ್ತು ವರ್ಷ ಅಧಿಕ ದಿನಗಳನ್ನು ಕೈಬಿಡುತ್ತ ನಿಧಾನ ಸರಿಯುವ ಯೋಜನೆ ಹಾಕಿತು. 1700ರಲ್ಲಿ ಕೈಬಿಟ್ಟಿತು, 1704, 1708ರಲ್ಲಿ ಬಿಡಲಿಲ್ಲ. ಇದರಿಂದ ಅದು ಜೂಲಿಯನ್ನಿಗೂ ಸೇರದೆ ಗ್ರೆಗೋರಿಯನ್ನಿಗೂ ಸೇರದೆ ಒಂಟಿಯಾಗಿ ನಿಂತಿತು. ಜೂಲಿಯನ್ನಿಗೆ ಹಿಂದಿರುಗಲು 1712ರಲ್ಲಿ ಫೆಬ್ರವರಿಗೆ 30ನೇ ದಿನ ಸೇರಿಸಬೇಕಾಯಿತು. ಕೊನೆಗೆ 1753ರಲ್ಲಿ ಗ್ರೆಗೋರಿಯನ್ ಬಂತು.

ಅರಿಲಿನಲ್ಲಿ ಇಂಥದ್ದು ಎಲ್ಲಾಗಬಹುದು? 700ನೇ ವರ್ಷದ ಹೊರದಿನದಲ್ಲಿ. ಆ ದಿನ ಇರಬಾರದೆಂಬ ನಿಯಮ ಯಾರ ನೆನಪಿನಲ್ಲಿದೆ? ಒಂದು ಪ್ರಾಂತ್ಯ ಆಚರಿಸಿ, ಇನ್ನೊಂದು ಬಿಟ್ಟರೆ ಮುಂದೆಲ್ಲ ಒಂದು ದಿನದ ಅಂತರ. 14 ವರ್ಷದ ಪದ್ಧತಿ ಜನರ ಮೈಗೆ ಹತ್ತಿರುತ್ತದೆ, 700 ವರ್ಷದ ವಿನಾಯಿತಿ ಬರಹದಲ್ಲಿ ಮಾತ್ರ ಇರುತ್ತದೆ.

## ವಯಸ್ಸು

ವರ್ಷದ ಉದ್ದ ಬದಲಾಯಿಸಿದವರು ಹೆಚ್ಚಾಗಿ ಮರೆಯುವುದು ಇದನ್ನು. ಅರಿಲಿನಲ್ಲಿ ಹದಿನೈದು ವರ್ಷದ ಹುಡುಗಿ ಎಂದರೆ 4,846 ದಿನ ಬದುಕಿದವಳು, ನಮ್ಮ ಲೆಕ್ಕದಲ್ಲಿ ಹದಿಮೂರು ವರ್ಷ ಮೂರು ತಿಂಗಳು. ಹದಿನೆಂಟರವನಿಗೆ ನಮ್ಮಲ್ಲಿ ಹದಿನಾರೂ ತುಂಬಿಲ್ಲ. ಅವನನ್ನು ದಂಡಿಗೆ ಸೇರಿಸುವ ಮೊದಲು, ಅವಳ ಮದುವೆ ಮಾತು ಎತ್ತುವ ಮೊದಲು ಈ ಗುಣಾಕಾರ ಆಗಿರಲೇಬೇಕು. ಸಾಲದ ಬಡ್ಡಿ, ಸೆರೆವಾಸ, ಆಳ್ವಿಕೆಯ ಅವಧಿ, ಬಸಿರಿನ ತಿಂಗಳುಗಳಿಗೂ ಇದೇ ಮಾತು. ಬಯಲಿನ 19 ದಿನದ ತಿಂಗಳಲ್ಲಿ ಗರ್ಭಧಾರಣೆಯಿಂದ ಹೆರಿಗೆಯವರೆಗಿನ ಸುಮಾರು 266 ದಿನ ಎಂದರೆ ಹದಿನಾಲ್ಕು ತಿಂಗಳು, ಕರಾವಳಿಯ ತಿಂಗಳಲ್ಲಿ ಒಂಬತ್ತೂ ಚಿಲ್ಲರೆ. ಬಯಲಿನ ಸೂಲಗಿತ್ತಿಯ ಬಾಯಲ್ಲಿ "ಒಂಬತ್ತು ತಿಂಗಳು" ಎಂದು ಬರೆದರೆ ಅವಳ ಲೆಕ್ಕದಲ್ಲಿ ಮಗು ಬಹಳ ಬೇಗ ಹುಟ್ಟಿರುತ್ತದೆ.